ಜಾಮೀನಿಗೆ ಕಟ್ಟಿದ ಹಣ ವಾಪಸು ಬಂತು: ನನ್ನ ಅನುಭವ

ಜಾಮೀನುದಾರ ಕಟ್ಟಿದ ಹಣ ಹೊಳೆಯಲ್ಲಿ ತೊಳೆದ ಹುಣಸೆಹಣ್ಣು ಎಂದು ನಮ್ಮ ಶಾಲೆಯಲ್ಲಿ ಎಲ್ಲರೂ ತೀರ್ಪು ಕೊಟ್ಟಾಗಿತ್ತು. ಹಾಗೆಂದವರಲ್ಲಿ ಇಬ್ಬರು ಈಗ ನನ್ನ ಅರ್ಜಿಯ ನಕಲು ಕೇಳಿಕೊಂಡು ಬರುತ್ತಿದ್ದಾರೆ. ಅದಕ್ಕೇ ಬರೆಯುತ್ತಿದ್ದೇನೆ.

ಉಡುಪಿಯ ಒಂದು ಸಹಕಾರ ಸಂಘದ ಸಾಲ, ಸುಮಾರು ನಾಲ್ಕು ಲಕ್ಷ. ಮಲ್ಪೆಯಲ್ಲಿ ಮೀನು ಹಿಡಿಯುವ ಸಣ್ಣ ಟ್ರಾಲ್ ಬೋಟ್ ಇಟ್ಟುಕೊಂಡ ಪರಿಚಯಸ್ಥ, ಎಂಜಿನ್ ಬದಲಿಸಲು ಪಡೆದದ್ದು. ಅದಕ್ಕೆ ಜಾಮೀನು ನಿಂತವನು ನಾನು. ಒಂದಷ್ಟು ಕಂತು ಕಟ್ಟಿ ನಿಲ್ಲಿಸಿದ. ಕರಾರು ಕಾಯ್ದೆಯ 128ನೇ ಕಲಮಿನಂತೆ ಸಾಲಗಾರನಷ್ಟೇ ಹೊಣೆ ಜಾಮೀನುದಾರನಿಗೂ ಇದೆ. ಸಂಘ ನೇರವಾಗಿ ನನ್ನ ಸಂಬಳಕ್ಕೆ ಕೈ ಹಾಕಿತು. ಅಸಲು, ಬಡ್ಡಿ, ಸುಸ್ತಿ ಬಡ್ಡಿ ಸೇರಿ ಮೂರು ಲಕ್ಷಕ್ಕೂ ಸ್ವಲ್ಪ ಮೇಲೆ ಹೋಯಿತು.

ಮೊದಲು ನಡೆದದ್ದು ಹಿರಿಯರ ಪಂಚಾತಿಕೆ. "ಮಳೆಗಾಲ ಕಳೆಯಲಿ ಮಾಸ್ಟ್ರೇ, ಕೊಡುತ್ತಾನೆ" ಎಂದರು. ಎರಡು ಮಳೆಗಾಲ ಕಳೆಯಿತು. ಧರ್ಮಸ್ಥಳದಲ್ಲಿ ಆಣೆ ಇಡಿಸಿ ಎಂದು ಒಬ್ಬರು ಸಲಹೆ ಕೊಟ್ಟರು. ಸಾಲವಿಲ್ಲವೆಂದು ಅವನು ಯಾವತ್ತೂ ಹೇಳಿಲ್ಲ, ಯಾವುದಕ್ಕೆ ಆಣೆ? ಪೊಲೀಸರು ಸಿವಿಲ್ ವ್ಯಾಜ್ಯವೆಂದು ಕಳುಹಿಸಿದರು. ಅವನು ಕೊಟ್ಟ ಚೆಕ್ ಅಮಾನ್ಯವಾಯಿತು, ಚೆಕ್ ಅಮಾನ್ಯದ 138ನೇ ಕಲಮಿನಡಿ ಪ್ರಕರಣ ಹೂಡಿದೆ. ಹನ್ನೆರಡು ಸಾವಿರದಷ್ಟು ಖರ್ಚಾಗಿ ಅದು ಇನ್ನೂ ಮುಂದೂಡುತ್ತಲೇ ಇದೆ. ಸಿವಿಲ್ ದಾವಾ ಎಂದರೆ ನ್ಯಾಯಾಲಯ ಶುಲ್ಕವೇ ಇಪ್ಪತ್ತು ಸಾವಿರದ ಮೇಲೆ.

ಆಗ ಕಣ್ಣಿಗೆ ಬಿದ್ದದ್ದು 1959ರ ಕರ್ನಾಟಕ ಸಹಕಾರ ಸಂಘಗಳ ಕಾಯ್ದೆಯ 70ನೇ ಕಲಂ, ಸಂಘಗಳ ವಿವಾದಗಳ ಕುರಿತದ್ದು. ಸಂಘ ನಮ್ಮ ಮೇಲೆ ದಾವಾ ಹೂಡುವುದಕ್ಕಷ್ಟೇ ಅದು ಎಂದು ವಕೀಲರೂ ನಂಬಿದ್ದರು. ಸಂಘವು ಜಾಮೀನುದಾರನಿಂದ ವಸೂಲು ಮಾಡಿದ್ದನ್ನು ಅವನು ಸಾಲಗಾರನಿಂದ ಕೇಳುವುದೂ ಅದೇ ಕಲಮಿನ ವಿವಾದವೇ ಎಂದು ತೋರಿಸಿಕೊಟ್ಟವನು ನಾನು. ಇಂಥ ವಿವಾದ ತೀರ್ಮಾನಿಸುವ ಸಹಕಾರ ಇಲಾಖೆಯ ಸಹಾಯಕ ನಿಬಂಧಕರ ಮುಂದೆ ಅರ್ಜಿ ಹಾಕಿದೆ. ಕೊಟ್ಟ ದಾಖಲೆಗಳಲ್ಲಿ ಕೆಲಸಕ್ಕೆ ಬಂದದ್ದು ಒಂದೇ: ತಿಂಗಳುವಾರು ಕಡಿತದ ಪಟ್ಟಿ, ಸಂಘದ ಮೊಹರಿನೊಂದಿಗೆ. ಅದನ್ನು ಹೊರಡಿಸಲು ಕಾರ್ಯದರ್ಶಿ ಬಹಳ ಅಲೆದಾಡಿಸಿದರು. ಸಂಘದ ನೋಟಿಸಿನ ವಿರುದ್ಧ ಸುಮ್ಮನೆ ಹೋರಾಡಿದ ವಕೀಲರ ಖರ್ಚನ್ನೂ ಸೇರಿಸಿ ನೋಡಿದೆ. ಕರಾರು ಕಾಯ್ದೆಯ 145ನೇ ಕಲಮಿನಲ್ಲಿ ಜಾಮೀನುದಾರ ನ್ಯಾಯವಾಗಿ ಕಟ್ಟಿದ್ದಷ್ಟೇ ಸಿಗುವುದು, ಆ ಖರ್ಚನ್ನು ನಿಬಂಧಕರು ಹೊಡೆದು ಹಾಕಿದರು.

ನಡುವೆ ಇನ್ನೊಂದು ಪ್ರಯೋಗ. ಸಾಲಗಾರ ಭದ್ರತೆಗೆಂದು ಸಂಘದಲ್ಲಿಟ್ಟ ಮೂವತ್ತು ಸಾವಿರದ ಆಸುಪಾಸಿನ ಠೇವಣಿ ಹಾಗೆಯೇ ಉಳಿದಿತ್ತು. ಸಾಲ ತೀರಿತಲ್ಲ ಎಂದು ಅವನಿಗೇ ಮರಳಿಸುವ ತಯಾರಿ ನಡೆದಿತ್ತು! ಪೂರ್ತಿ ಕಟ್ಟಿದ ಜಾಮೀನುದಾರನಿಗೆ ಅದೇ ಕರಾರು ಕಾಯ್ದೆಯ 140, 141ನೇ ಕಲಮುಗಳಲ್ಲಿ ಆ ಭದ್ರತೆಯ ಹಕ್ಕು ಬರುತ್ತದೆ ಎಂದು ನೋಂದಾಯಿತ ಅಂಚೆಯಲ್ಲಿ ಬರೆದೆ. ಬಂತು.

ನಿಬಂಧಕರ ಐತೀರ್ಪು (ಅಂತಿಮ ಆದೇಶ) ನನ್ನ ಪರವಾಗಿ ಬಂದರೂ ಹಣ ಬರಲಿಲ್ಲ. ಜನವರಿಯಲ್ಲಿ ಜಪ್ತಿಗೆ ಹೋದ ಮಾರಾಟಾಧಿಕಾರಿಗೆ ಸಿಕ್ಕಿದ್ದು ಖಾಲಿ ಧಕ್ಕೆ (ಬೋಟು ಕಟ್ಟುವ ಕಟ್ಟೆ), ಬೋಟ್ ಕಡಲಲ್ಲಿತ್ತು. ಜೂನ್ 1ರಿಂದ ಜುಲೈ 31ರವರೆಗೆ ನಮ್ಮ ಕರಾವಳಿಯಲ್ಲಿ ಯಾಂತ್ರೀಕೃತ ಬೋಟುಗಳು ಇಳಿಯುವಂತಿಲ್ಲ. ಜುಲೈಯಲ್ಲಿ ಮತ್ತೆ ಹೋಗುವಂತೆ ನೋಡಿಕೊಂಡೆ. ಬಂದರಿನಲ್ಲಿ ಕಟ್ಟಿಹಾಕಿದ್ದ ಬೋಟಿಗೇ ಜಪ್ತಿ ಆದೇಶ ಅಂಟಿತು. ಆಗಸ್ಟ್ ಬಂದರೆ ಮೊದಲ ಮೀನು ಬೇರೆಯವರ ಬಲೆಗೆ! ಎರಡು ವರ್ಷ ಕೈಗೆ ಸಿಗದವನು ತಾನೇ ಮನೆ ಹುಡುಕಿಕೊಂಡು ಬಂದ. ಎರಡೂವರೆ ಲಕ್ಷದಷ್ಟು ಒಂದೇ ಬಾರಿಗೆ, ಉಳಿದದ್ದು ದೀಪಾವಳಿಗೆ. ಬೋಟ್ ಅವನ ಹೆಸರಿನಲ್ಲೇ ಇದೆಯೆಂಬ ದಾಖಲೆ ನನಗೆ ಹೇಗೆ ಸಿಕ್ಕಿತೆಂದು ಇಲ್ಲಿ ಬರೆಯುವುದಿಲ್ಲ; ಇನ್ನೊಬ್ಬ ಮಿತ್ರರ ಪ್ರಕರಣದಲ್ಲಿ ಅದು ಬೇಕಾಗಿದೆ.

ನೀವೂ ಹೂಡುವುದಾದರೆ ತಡಮಾಡಬೇಡಿ. ಸಿವಿಲ್ ದಾವಾಕ್ಕೆ ಕಾಲಮಿತಿ ಕಾಯ್ದೆಯ 42ನೇ ವಿಧಿಯಂತೆ ಜಾಮೀನುದಾರ ಹಣ ಕಟ್ಟಿದ ದಿನದಿಂದ ಮೂರು ವರ್ಷ; ನಾನು ಸಂಬಳದ ಮೊದಲ ಕಡಿತದಿಂದಲೇ ಎಣಿಸಿದ್ದೆ.

ಇನ್ನೊಬ್ಬ ಜಾಮೀನುದಾರರಿದ್ದರು, ಬ್ರಹ್ಮಾವರ ಕಡೆಯವರು. ಜಾಮೀನುದಾರರು ಸಮಪಾಲು ಹೊರಬೇಕೆನ್ನುವ ಕರಾರು ಕಾಯ್ದೆಯ 146ರ ಪ್ರಕಾರ ಅರ್ಧ ಕೊಡಿ ಎಂದಿದ್ದಕ್ಕೆ ಗೊಣಗುತ್ತ ಐವತ್ತು ಸಾವಿರ ಕೊಟ್ಟಿದ್ದರು. ಅದನ್ನು ಅವರಿಗೆ ಮರಳಿಸಿದೆ. ಬಡ್ಡಿಯನ್ನೂ ಕೇಳಿದರು, ನಗುತ್ತಲೇ ಇಲ್ಲವೆಂದೆ.