‘ರೋಲ್‌ಪ್ಲೇಯಿಂಗ್’: ಅರ್ಥವನ್ನು ಗುರುತಿಸುವ ಬಗೆ, ತರಗತಿಯಲ್ಲಿ ನಡೆಸುವ ಬಗೆ

ಶಿಕ್ಷಕರ ತರಬೇತಿಯ ವೇಳಾಪಟ್ಟಿಯಲ್ಲಿ ಊಟದ ನಂತರದ ಅವಧಿಗೆ ‘ರೋಲ್‌ಪ್ಲೇ’ ಎಂದು ಬರೆದಿರುತ್ತದೆ. ಮೊಬೈಲಿನಲ್ಲಿ ಮುಳುಗಿರುವ ಮಗ ತಾನು ಆಡುತ್ತಿರುವುದು ‘ರೋಲ್‌ಪ್ಲೇಯಿಂಗ್ ಗೇಮ್’ ಎನ್ನುತ್ತಾನೆ. ಆಪ್ತಸಮಾಲೋಚಕರು ಅದೇ ಪದವನ್ನು ಚಿಕಿತ್ಸೆಯ ಒಂದು ವಿಧಾನಕ್ಕೆ ಬಳಸುತ್ತಾರೆ. ಇತ್ತೀಚೆಗೆ ಕೃತಕ ಬುದ್ಧಿಮತ್ತೆಯ ತಂತ್ರಾಂಶಕ್ಕೆ ‘ನೀನು ಸಂದರ್ಶಕನಾಗು’ ಎಂದು ಹೇಳುವುದಕ್ಕೂ ಇದೇ ಹೆಸರು ಬಂದಿದೆ. ಪದ ಒಂದೇ ಆದರೂ ಅದು ಮಾಡುವ ಕೆಲಸ ಒಂದೊಂದು ಕಡೆ ಒಂದೊಂದು ಬಗೆಯದಾಗಿರುವುದರಿಂದ, ಕನ್ನಡದಲ್ಲಿ ಬರೆಯುವವರು, ಅನುವಾದಿಸುವವರು ಮತ್ತು ಇಂಥ ಚಟುವಟಿಕೆಯನ್ನು ನಡೆಸಿಕೊಡುವವರು ಮೊದಲಿಗೆ ತಮ್ಮ ಮುಂದಿರುವುದು ಯಾವ ಅರ್ಥ ಎಂಬುದನ್ನು ಗೊತ್ತುಮಾಡಿಕೊಳ್ಳಬೇಕು.

ಇದು ಬರಿಯ ನಿಘಂಟಿನ ಚರ್ಚೆಯಲ್ಲ ಎಂಬುದನ್ನು ನಾನು ಕಲಿತದ್ದು ಒಂದು ಪೇಚಿನಿಂದ. ಹಿಂದೊಮ್ಮೆ ತರಬೇತಿಯೊಂದಕ್ಕೆ ನಾನೇ ಸಿದ್ಧಪಡಿಸಿದ ಆಹ್ವಾನಪತ್ರದಲ್ಲಿ ರೋಲ್‌ಪ್ಲೇಯನ್ನು ‘ಪಾತ್ರಾಭಿನಯ’ ಎಂದು ಕರೆದಿದ್ದೆ. ಬಂದವರಲ್ಲಿ ಕೆಲವರು ಮನೆಯಲ್ಲೇ ಸಂಭಾಷಣೆ ಬರೆದು ಬಾಯಿಪಾಠ ಮಾಡಿಕೊಂಡಿದ್ದರು. ಒಬ್ಬರು ಟವೆಲ್ಲಿನಿಂದ ರುಮಾಲು ಸುತ್ತಿಕೊಂಡು ಗೌಡರಾಗಿ ನಿಂತರು. ಎಲ್ಲರೂ ನಕ್ಕರು, ಚಪ್ಪಾಳೆ ತಟ್ಟಿದರು, ಆದರೆ ಯಾರೂ ಏನನ್ನೂ ಅಭ್ಯಾಸ ಮಾಡಲಿಲ್ಲ. ತಪ್ಪು ಅವರದಾಗಿರಲಿಲ್ಲ, ‘ಅಭಿನಯ’ ಎಂದ ಮೇಲೆ ಕನ್ನಡಿಗರು ರಂಗಸ್ಥಳವನ್ನೂ ಪ್ರೇಕ್ಷಕರನ್ನೂ ನೆನೆಯುವುದು ಸಹಜ. ರೋಲ್‌ಪ್ಲೇಯಲ್ಲಿ ಪಾತ್ರ ಮಾತ್ರ ಎರವಲು. ಮಾತು ಆಡುವವರದೇ, ಅದೂ ಆ ಕ್ಷಣಕ್ಕೆ ಹುಟ್ಟಿದ ಮಾತು. ಈ ಒಂದು ವ್ಯತ್ಯಾಸವನ್ನು ಹಿಡಿದುಕೊಂಡರೆ ಉಳಿದುದೆಲ್ಲ ಸುಲಭವಾಗುತ್ತದೆ.

ಪದ ಬಂದ ದಾರಿ

ಇಂಗ್ಲಿಷಿನ ‘ರೋಲ್’ ಎಂಬುದು ಫ್ರೆಂಚಿನಿಂದ ಬಂದದ್ದು. ನಟನ ಪಾಲಿನ ಮಾತುಗಳನ್ನು ಬರೆದಿಡುತ್ತಿದ್ದ ಕಾಗದದ ಸುರುಳಿಗೆ ಆ ಹೆಸರಿತ್ತು, ಅದರ ಹಿಂದೆ ಲ್ಯಾಟಿನ್ನಿನ ‘ರೋಟುಲಸ್’ ಇದೆ. ಅಂದರೆ ಪದದ ಮೂಲದಲ್ಲಿ ಬರೆದಿಟ್ಟ ಮಾತೇ ಇತ್ತು. ಆ ಸುರುಳಿಯನ್ನು ಬದಿಗಿಟ್ಟವರಲ್ಲಿ ಮುಖ್ಯರಾದವರು ಮನೋವೈದ್ಯ ಜೇಕಬ್ ಲೆವಿ ಮೊರೆನೊ. 1889ರಲ್ಲಿ ಬುಖಾರೆಸ್ಟಿನಲ್ಲಿ ಹುಟ್ಟಿ ವಿಯೆನ್ನಾದಲ್ಲಿ ವೈದ್ಯಶಿಕ್ಷಣ ಪಡೆದ ಅವರು, 1920ರ ದಶಕದ ಆರಂಭದಲ್ಲಿ ಅಲ್ಲಿಯೇ, ಮೊದಲೇ ಬರೆದಿಟ್ಟ ಸಂಭಾಷಣೆಯಿಲ್ಲದ, ಆಗಿಂದಾಗ ಹುಟ್ಟುವ ರಂಗಪ್ರಯೋಗಗಳನ್ನು ನಡೆಸಿದರು. 1925ರಲ್ಲಿ ಅಮೆರಿಕಕ್ಕೆ ಹೋದ ಮೇಲೆ ಅದನ್ನು ‘ಸೈಕೋಡ್ರಾಮಾ’ ಎಂಬ ಚಿಕಿತ್ಸಾ ಪದ್ಧತಿಯಾಗಿ ಬೆಳೆಸಿ, 1936ರಲ್ಲಿ ನ್ಯೂಯಾರ್ಕ್ ರಾಜ್ಯದ ಬೀಕನ್ ಎಂಬಲ್ಲಿ ತಮ್ಮದೇ ಚಿಕಿತ್ಸಾಲಯವನ್ನು ತೆರೆದರು. ಇಂದು ಕಚೇರಿಯ ತರಬೇತಿಗಳಲ್ಲಿ ಇಬ್ಬರನ್ನು ಎದುರುಬದುರು ಕೂರಿಸಿ, ನಡುವೆ ಕುರ್ಚಿ ಬದಲಾಯಿಸಿ, ‘ಈಗ ನೀವು ಗ್ರಾಹಕರಾಗಿ’ ಎನ್ನುವ ಕ್ರಮಕ್ಕೆ ಅವರ ಪಾತ್ರ ವಿನಿಮಯದ ತಂತ್ರವೇ ಮೂಲ.

ಯಾವ ಅರ್ಥ ಎಂದು ಕಂಡುಕೊಳ್ಳುವುದು

ಓದುತ್ತಿರುವ ಬರಹದಲ್ಲಿ ಈ ಪದ ಎದುರಾದಾಗ, ಈ ಆಟದಿಂದ ಯಾರಿಗೆ ಏನು ಆಗಬೇಕಾಗಿದೆ ಎಂದು ಕೇಳಿಕೊಳ್ಳುವುದು ನಂಬಬಹುದಾದ ದಾರಿ. ಆಡುವವರು ಮುಂದೆ ನಿಜವಾಗಿ ಎದುರಿಸಬೇಕಾದ ಸಂದರ್ಭವೊಂದಕ್ಕೆ ಅಣಿಯಾಗಬೇಕಾಗಿದ್ದರೆ ಅದು ತರಬೇತಿಯ ಅರ್ಥ. ಹಿಂದೆ ನಡೆದು ಮನಸ್ಸಿನಲ್ಲಿ ಉಳಿದುದನ್ನು ಬಿಡಿಸಿ ನೋಡಬೇಕಾಗಿದ್ದರೆ ಅದು ಚಿಕಿತ್ಸೆಯ ಅರ್ಥ, ಮತ್ತು ಅದು ತರಬೇತಾದವರ ಕೈಯಲ್ಲಿಯೇ ಇರಬೇಕು. ಆಟದ ಸಂತೋಷವೇ ಗುರಿಯಾಗಿದ್ದರೆ ಅದು ರೋಲ್‌ಪ್ಲೇಯಿಂಗ್ ಗೇಮ್. ಇಂಗ್ಲಿಷ್ ಬರಹಗಳಲ್ಲಿ ಈ ಪದಕ್ಕೆ ದಂಪತಿಗಳ ಖಾಸಗಿ ವಿನೋದದ ಅರ್ಥವೂ ಇದೆ. ಅನುವಾದಕರು ಪೂರ್ವಾಪರ ನೋಡದೆ ಮುಂದುವರಿದರೆ ಇಲ್ಲಿ ಎಡವುತ್ತಾರೆ ಎಂಬಷ್ಟನ್ನು ಹೇಳಿ ಮುಂದೆ ಹೋಗಬಹುದು.

ಗೇಮ್ ಎಂಬ ಅರ್ಥದ ಚರಿತ್ರೆ ಸ್ಪಷ್ಟವಾಗಿದೆ. ಸಣ್ಣ ಸೈನಿಕ ಗೊಂಬೆಗಳನ್ನು ಮೇಜಿನ ಮೇಲೆ ನಡೆಸುವ ಯುದ್ಧದಾಟಗಳಿಂದ ಬೆಳೆದ ‘ಡಂಜನ್ಸ್ ಆಂಡ್ ಡ್ರ್ಯಾಗನ್ಸ್’ ಎಂಬ ಆಟವನ್ನು ಗ್ಯಾರಿ ಗೈಗ್ಯಾಕ್ಸ್ ಮತ್ತು ಡೇವ್ ಆರ್ನೆಸನ್ 1974ರಲ್ಲಿ ಹೊರತಂದರು. ಇಲ್ಲಿ ಒಬ್ಬರು ಕಥೆ ನಡೆಸುವವರು. ಉಳಿದವರು ಒಬ್ಬೊಬ್ಬರು ಒಂದೊಂದು ಪಾತ್ರವನ್ನು ವಹಿಸಿಕೊಂಡು ‘ನಾನು ಬಾಗಿಲು ಒದೆಯುತ್ತೇನೆ’ ಎಂಬಂತೆ ತಮ್ಮ ನಡೆಯನ್ನು ಬಾಯಲ್ಲಿ ಹೇಳುತ್ತಾರೆ. ಬಾಗಿಲು ಮುರಿಯಿತೋ ಕಾಲು ಉಳುಕಿತೋ ಎಂಬುದನ್ನು ಇಪ್ಪತ್ತು ಮುಖದ ದಾಳ ನಿರ್ಧರಿಸುತ್ತದೆ. ಕಂಪ್ಯೂಟರಿನಲ್ಲಿ ಆ ಕಥೆ ನಡೆಸುವವರ ಜಾಗಕ್ಕೆ ಯಂತ್ರ ಬಂದಿತು. ಈ ಅರ್ಥಕ್ಕೆ ಕನ್ನಡ ಪದ ಹುಡುಕುವ ಶ್ರಮ ಬೇಡವೆಂದೇ ನನ್ನ ಅಭಿಪ್ರಾಯ. ಕ್ರಿಕೆಟ್ಟನ್ನು ಕ್ರಿಕೆಟ್ ಎಂದೇ ಕರೆದ ಹಾಗೆ ‘ರೋಲ್‌ಪ್ಲೇಯಿಂಗ್ ಗೇಮ್’ ಎಂದೇ ಬರೆದರೆ ಆಡುವವರಿಗೆ ತಿಳಿಯುತ್ತದೆ.

ಕನ್ನಡದಲ್ಲಿ ಏನೆಂದು ಕರೆಯುವುದು

ತರಬೇತಿಯ ಅರ್ಥಕ್ಕೆ ಪದ ಆರಿಸುವಾಗ ಮಾತ್ರ ಎಚ್ಚರ ಬೇಕು. ‘ಪಾತ್ರ ನಿರ್ವಹಣೆ’ ಎಂದರೆ ‘ಕುಟುಂಬದಲ್ಲಿ ತಾಯಿಯ ಪಾತ್ರ ನಿರ್ವಹಣೆ’ ಎಂಬಂತೆ ನಿಜವಾದ ಹೊಣೆಯೂ ಆಗಬಹುದು. ‘ವೇಷ ಹಾಕು’, ‘ನಾಟಕ ಆಡು’ ಎಂಬ ಮಾತುಗಳಲ್ಲಿ ಮೋಸದ ವಾಸನೆ ಸೇರಿಕೊಂಡಿದೆ. ‘ಏನು ನಾಟಕ ಆಡ್ತೀಯಾ’ ಎಂದು ಗದರುವ ಭಾಷೆ ನಮ್ಮದು. ‘ಅಣಕು’ ಎಂಬುದಕ್ಕೆ ಗೇಲಿಯ ಅರ್ಥ ಮೂಲದಲ್ಲಿದ್ದರೂ ‘ಅಣಕು ಸಂಸತ್ತು’, ‘ಅಣಕು ನ್ಯಾಯಾಲಯ’, ‘ಅಣಕು ಸಂದರ್ಶನ’ ಎಂಬ ಬಳಕೆಗಳಲ್ಲಿ ಅದು ತೊಳೆದುಹೋಗಿದೆ. ಆದ್ದರಿಂದ ಒಂದು ಸಂಸ್ಥೆಯ ಕಲಾಪವನ್ನು ಕ್ರಮಬದ್ಧವಾಗಿ ಅನುಸರಿಸುವ ಚಟುವಟಿಕೆಗೆ ಆ ಪದವನ್ನು ನಿಸ್ಸಂಕೋಚವಾಗಿ ಬಳಸಬಹುದು. ಇಬ್ಬರ ನಡುವಿನ ಮಾತುಕತೆಯ ಅಭ್ಯಾಸಕ್ಕೆ ಅದು ಹೊಂದುವುದಿಲ್ಲ. ಅಂಥ ಕಡೆ ನಾನು ಆಹ್ವಾನಪತ್ರದಲ್ಲಿ ‘ರೋಲ್‌ಪ್ಲೇ’ ಎಂದೇ ಬರೆದು, ಅದರ ಕೆಳಗೆ ‘ಸಂಭಾಷಣೆ ಬರೆದು ತರುವುದು ಬೇಡ’ ಎಂಬ ಸಾಲನ್ನು ಸೇರಿಸುತ್ತೇನೆ. ಪಾರಿಭಾಷಿಕ ಪದಕ್ಕಿಂತ ಆ ಸಾಲು ಹೆಚ್ಚು ಕೆಲಸ ಮಾಡುತ್ತದೆ.

ಕರಾವಳಿ ಮತ್ತು ಮಲೆನಾಡಿನವರಿಗೆ ವಿವರಿಸುವಾಗ ಒಂದು ಹತ್ತಿರದ ಹೋಲಿಕೆ ಕೈಗೆ ಸಿಗುತ್ತದೆ: ಯಕ್ಷಗಾನವನ್ನು ಕುಳಿತು ನಡೆಸುವ ತಾಳಮದ್ದಳೆ. ಅಲ್ಲಿ ವೇಷವಿಲ್ಲ, ಕುಣಿತವಿಲ್ಲ. ಭಾಗವತರು ಪದ ಹಾಡುತ್ತಾರೆ, ಪಾತ್ರದ ಮಾತನ್ನಾಡುವ ಅರ್ಥಧಾರಿ ಕುಳಿತಲ್ಲಿಯೇ ವಾಲಿಯಾಗಿಯೋ ರಾಮನಾಗಿಯೋ ತನ್ನದೇ ಗದ್ಯದಲ್ಲಿ ಮಾತಾಡುತ್ತಾನೆ. ವಾಲಿವಧೆಯ ಕೊನೆ ಎಲ್ಲರಿಗೂ ಗೊತ್ತು. ಆದರೂ ಮರೆಯಲ್ಲಿ ನಿಂತು ಬಾಣ ಬಿಟ್ಟವನನ್ನು ವಾಲಿ ಯಾವ ಪ್ರಶ್ನೆ ಕೇಳುತ್ತಾನೆ, ಅದಕ್ಕೆ ರಾಮನ ಅರ್ಥಧಾರಿ ಆ ರಾತ್ರಿ ಏನು ಉತ್ತರ ಕೊಡುತ್ತಾನೆ ಎಂಬುದು ಮೊದಲೇ ಬರೆದಿಟ್ಟದ್ದಲ್ಲ. ಸಂದರ್ಭ ಗೊತ್ತಾಗಿದೆ, ಪಾತ್ರದ ನಿಲುವು ಗೊತ್ತಾಗಿದೆ, ಮಾತು ಮಾತ್ರ ಎದುರಿನವರ ಮಾತಿನಿಂದ ಹುಟ್ಟುತ್ತದೆ. ತರಗತಿಯ ರೋಲ್‌ಪ್ಲೇಯೂ ಇಷ್ಟೇ, ಕೇಳುಗರನ್ನು ರಂಜಿಸುವ ಹೊಣೆ ಅಲ್ಲಿಲ್ಲ ಎಂಬುದನ್ನು ಬಿಟ್ಟರೆ.

ನಡೆಸುವ ಕ್ರಮ

ವೈದ್ಯ ಮತ್ತು ರೋಗಿಯ ಭೇಟಿಯನ್ನೇ ಉದಾಹರಣೆಯಾಗಿ ಇಟ್ಟುಕೊಳ್ಳೋಣ. ಈ ಕ್ಷೇತ್ರದಲ್ಲಿ ಈ ಪದ್ಧತಿಗೆ ಹಳೆಯ ಬೇರುಗಳಿವೆ: ಅಮೆರಿಕದ ನರರೋಗ ತಜ್ಞ ಹೋವರ್ಡ್ ಬ್ಯಾರೋಸ್ 1963ರಲ್ಲಿಯೇ ಆರೋಗ್ಯವಂತರಿಗೆ ರೋಗಿಯಂತೆ ವರ್ತಿಸಲು ತರಬೇತಿ ಕೊಟ್ಟು ವಿದ್ಯಾರ್ಥಿಗಳ ಮುಂದೆ ಕೂರಿಸಿದ್ದರು, ನಮ್ಮಲ್ಲಿ 2019ರಿಂದ ಜಾರಿಗೆ ಬಂದ ಎಂಬಿಬಿಎಸ್ ಪಠ್ಯಕ್ರಮದಲ್ಲಿ ವೈದ್ಯರ ನಡವಳಿಕೆ, ನೀತಿ ಮತ್ತು ಸಂವಹನವನ್ನು ಕಲಿಸುವುದಕ್ಕೆ ಪ್ರತ್ಯೇಕ ಭಾಗವೇ ಇದೆ. ಕರ್ನಾಟಕದಲ್ಲಿ ಓದುವ ಹೊರರಾಜ್ಯದ ವಿದ್ಯಾರ್ಥಿಗಳಿಗಂತೂ ಕನ್ನಡದಲ್ಲಿ ರೋಗಿಯೊಡನೆ ಮಾತಾಡುವ ಅಭ್ಯಾಸ ವಾರ್ಡಿಗೆ ಕಾಲಿಡುವ ಮೊದಲೇ ಆಗಬೇಕು.

ಮೊದಲು ಉದ್ದೇಶವನ್ನು ಒಂದೇ ವಾಕ್ಯದಲ್ಲಿ ಬರೆದುಕೊಳ್ಳಿ. ‘ರೋಗಿಯೊಡನೆ ಚೆನ್ನಾಗಿ ಮಾತಾಡುವುದು’ ಎಂಬುದು ಉದ್ದೇಶವಲ್ಲ, ಆಶಯ. ‘ಮಾತ್ರೆ ಸರಿಯಾಗಿ ತೆಗೆದುಕೊಳ್ಳದ ರೋಗಿಯಿಂದ, ಗದರದೆ, ಕಾರಣವನ್ನು ತಿಳಿದುಕೊಳ್ಳುವುದು’ ಎಂಬುದು ಉದ್ದೇಶ. ಎರಡನೆಯದಾಗಿ, ಪಾತ್ರ ವಹಿಸುವ ಒಬ್ಬೊಬ್ಬರಿಗೂ ಅವರವರ ಸಂದರ್ಭವನ್ನು ತಿಳಿಸುವ ಚೀಟಿಗಳನ್ನು ಬರೆಯಬೇಕು. ಈ ಚಟುವಟಿಕೆಯ ಜೀವ ಇರುವುದು ಚೀಟಿಯಲ್ಲಿ. ಎರಡೂ ಚೀಟಿಗಳಲ್ಲಿ ಒಂದೇ ಮಾಹಿತಿಯಿದ್ದರೆ ಇಬ್ಬರೂ ಒಪ್ಪಿಕೊಂಡು ಎರಡು ನಿಮಿಷದಲ್ಲಿ ಎದ್ದುಬಿಡುತ್ತಾರೆ. ಒಬ್ಬರಿಗೆ ಗೊತ್ತಿರುವುದು ಇನ್ನೊಬ್ಬರಿಗೆ ಗೊತ್ತಿರಬಾರದು.

ವೈದ್ಯರ ಚೀಟಿ ಹೀಗಿರಬಹುದು: ‘ಹೊರಗೆ ಇನ್ನೂ ಮೂವತ್ತು ಜನ ಕಾಯುತ್ತಿದ್ದಾರೆ. ಎದುರಿಗಿರುವವರು ಸುಮಾರು 55 ವರ್ಷದ ರೈತ ಮಹಿಳೆ. ಮೂರು ತಿಂಗಳ ಹಿಂದೆ ಸಕ್ಕರೆ ಕಾಯಿಲೆಗೆ ಮಾತ್ರೆ ಬರೆದುಕೊಟ್ಟಿದ್ದೀರಿ. ಇಂದಿನ ಪರೀಕ್ಷೆಯಲ್ಲಿ ಸಕ್ಕರೆ ಇಳಿದಿಲ್ಲ.’ ರೋಗಿಯ ಚೀಟಿ ಹೀಗೆ: ‘ಮಾತ್ರೆ ನುಂಗಿದ ದಿನ ತಲೆ ಸುತ್ತಿದ ಹಾಗಾಗುತ್ತದೆ, ಆದ್ದರಿಂದ ಎರಡು ದಿನಕ್ಕೊಂದು ನುಂಗುತ್ತಿದ್ದೀರಿ. ಪಕ್ಕದ ಮನೆಯವರು ಹೇಳಿದ ಕಷಾಯವನ್ನೂ ಕುಡಿಯುತ್ತಿದ್ದೀರಿ. ಬೈಯುತ್ತಾರೆಂಬ ಹೆದರಿಕೆ ಇದೆ. ಗದರಿದರೆ ಎಲ್ಲ ಸರಿಯಾಗಿಯೇ ತಗೋತಿದೀನಿ ಅನ್ನಿ. ಸಮಾಧಾನವಾಗಿ ಕೇಳಿದರೆ ಮಾತ್ರ ನಿಜ ಹೇಳಿ.’ ಏನು ಮಾತಾಡಬೇಕೆಂದು ಚೀಟಿ ಪೂರ್ತಿಯಾಗಿ ಹೇಳಿಕೊಡುವುದಿಲ್ಲ. ಏನು ಗೊತ್ತಿದೆ, ಏನು ಬೇಕಾಗಿದೆ, ಯಾವುದಕ್ಕೆ ಹೆದರಿಕೆ ಎಂಬಷ್ಟನ್ನು ಕೊಟ್ಟು ಬಿಟ್ಟುಬಿಡುತ್ತದೆ.

ಐದರಿಂದ ಏಳು ನಿಮಿಷ ಆಟಕ್ಕೆ ಸಾಕು. ಅದರ ಎರಡರಷ್ಟನ್ನು ಅನಂತರದ ಮಾತಿಗೆ ಇಡಿ. ಪಾತ್ರ ವಹಿಸಲು ಯಾರನ್ನೂ ಬಲವಂತ ಮಾಡಬಾರದು. ಯಾರಾದರೂ ‘ಸಾಕು’ ಎಂದರೆ ಅಲ್ಲಿಗೆ ನಿಲ್ಲುತ್ತದೆ ಎಂಬ ಕರಾರನ್ನು ಮೊದಲೇ ಎಲ್ಲರ ಮುಂದೆ ಹೇಳಿ. ಉಳಿದವರಿಗೆ ಸುಮ್ಮನೆ ನೋಡಿ ಎನ್ನುವ ಬದಲು ಒಬ್ಬೊಬ್ಬರಿಗೆ ಒಂದೊಂದು ಕೆಲಸ ಹಂಚಿ: ಒಬ್ಬರು ವೈದ್ಯರು ಕೇಳಿದ ಪ್ರಶ್ನೆಗಳನ್ನು ಆಡಿದಂತೆಯೇ ಬರೆದುಕೊಳ್ಳಲಿ, ಇನ್ನೊಬ್ಬರು ರೋಗಿ ಮಾತು ನುಂಗಿಕೊಂಡ ಜಾಗಗಳನ್ನು ಗುರುತುಹಾಕಲಿ.

ಬರೆದುಕೊಂಡ ಮಾತುಗಳನ್ನು ಮತ್ತೆ ಓದಿದಾಗ ಕಾಣುವ ಸಂಗತಿಗಳು ಸಣ್ಣವು, ಆದರೆ ನಿಖರವಾದವು. ‘ಮಾತ್ರೆ ತಪ್ಪದೇ ತಗೋತಿದೀರಾ?’ ಎಂಬ ಪ್ರಶ್ನೆಗೆ ‘ಹೂಂ’ ಎಂಬುದಕ್ಕಿಂತ ಬೇರೆ ಉತ್ತರ ಬರುವುದು ಕಷ್ಟ. ‘ನಿನ್ನೆ ಬೆಳಿಗ್ಗೆಯಿಂದ ಏನೇನು ತಗೊಂಡ್ರಿ, ಹೇಳಿ ಅಮ್ಮ’ ಎಂದರೆ ಕಷಾಯದ ಕಥೆಯೂ ಹೊರಬರುತ್ತದೆ. ಅವಸರವಾದೊಡನೆ ‘ನೀವು’ ಎಂಬುದು ‘ನೀನು’ ಆಗುವುದನ್ನು ನಾನು ಮತ್ತೆ ಮತ್ತೆ ನೋಡಿದ್ದೇನೆ. ತಾಯಿಯ ವಯಸ್ಸಿನವರನ್ನು ‘ಏನಾಗ್ತಿದೆ ನಿನಗೆ’ ಎಂದು ಕೇಳಿದ ವಿದ್ಯಾರ್ಥಿಗೆ ತಾನು ಹಾಗೆ ಕೇಳಿದೆ ಎಂಬುದೇ ನೆನಪಿರುವುದಿಲ್ಲ. ಇಂಗ್ಲಿಷಿನಲ್ಲಿ ನಡೆಸಿದ ರೋಲ್‌ಪ್ಲೇಯಲ್ಲಿ ಇದು ಎಂದಿಗೂ ಬಯಲಾಗದು. ರೋಗಿ ಮಾತಾಡುವ ಭಾಷೆಯಲ್ಲಿಯೇ ಅಭ್ಯಾಸವಾಗಬೇಕು ಎನ್ನುವುದಕ್ಕೆ ನನಗೆ ಇದಕ್ಕಿಂತ ದೊಡ್ಡ ಕಾರಣ ಬೇಕಿಲ್ಲ.

ಚರ್ಚೆಯಲ್ಲಿ ಮೊದಲು ವೈದ್ಯರ ಪಾತ್ರ ವಹಿಸಿದವರು, ಆಮೇಲೆ ರೋಗಿಯ ಪಾತ್ರದವರು, ಕೊನೆಗೆ ನೋಡಿದವರು ಮಾತಾಡಲಿ. ‘ನೀನು ಒರಟಾಗಿ ನಡೆದುಕೊಂಡೆ’ ಎನ್ನಬಾರದು. ‘ವೈದ್ಯರು ಎರಡು ಸಲ ಗಡಿಯಾರ ನೋಡಿದರು, ಆಮೇಲೆ ರೋಗಿ ಮಾತು ನಿಲ್ಲಿಸಿದರು’ ಎನ್ನಬೇಕು. ತಪ್ಪನ್ನು ಪಾತ್ರದ ಲೆಕ್ಕಕ್ಕೆ ಹಾಕಿದರೆ ಆಡಿದವರು ಕೇಳಿಸಿಕೊಳ್ಳುತ್ತಾರೆ. ಅನಂತರ ಕುರ್ಚಿ ಬದಲಾಯಿಸಿ ಇನ್ನೊಮ್ಮೆ ಆಡಿಸಿ. ಮೊದಲ ಸುತ್ತಿನಲ್ಲಿ ಗದರಿದವರು ಎರಡನೆಯ ಸುತ್ತಿನಲ್ಲಿ ರೋಗಿಯ ಕುರ್ಚಿಯಿಂದ ಗದರಿಕೆಯನ್ನು ಕೇಳುತ್ತಾರೆ. ಮೊರೆನೊ ಅವರ ತಂತ್ರದ ಬೆಲೆ ತಿಳಿಯುವುದು ಇಲ್ಲಿಯೇ.

ಜೊತೆಗಾರರು ಸಿಗದಿದ್ದಾಗ ಕೃತಕ ಬುದ್ಧಿಮತ್ತೆಯ ತಂತ್ರಾಂಶವನ್ನೂ ಹೀಗೆಯೇ ಬಳಸಬಹುದು. ರೋಗಿಯ ಚೀಟಿಯನ್ನು ಪೂರ್ತಿಯಾಗಿ ಅದಕ್ಕೆ ಕೊಟ್ಟು, ಒಂದು ಸಲಕ್ಕೆ ಒಂದೇ ಉತ್ತರ ಕೊಡಬೇಕು, ಕೇಳದೆ ಏನನ್ನೂ ಹೇಳಬಾರದು ಎಂದು ಷರತ್ತು ಹಾಕಿ. ಚೀಟಿಯನ್ನು ನಿಮ್ಮ ಬದಲು ಬೇರೆಯವರು ಬರೆದುಕೊಟ್ಟರೆ ಉತ್ತಮ. ಅಂಥ ತಂತ್ರಾಂಶಗಳು ಬೇಗನೆ ಒಪ್ಪಿಕೊಳ್ಳುತ್ತವೆ, ಗದರಿದರೂ ಮುನಿಸಿಕೊಳ್ಳುವುದಿಲ್ಲ. ಆದ್ದರಿಂದ ಪ್ರಶ್ನೆ ಕೇಳುವ ಅಭ್ಯಾಸಕ್ಕೆ ಸರಿ, ಎದುರಿನವರ ಮುಖ ಓದುವ ಅಭ್ಯಾಸಕ್ಕೆ ಅಲ್ಲ.

ಎಚ್ಚರಿಕೆಗಳು

ಪಾತ್ರ ಮನುಷ್ಯನನ್ನು ಹಿಡಿದುಕೊಳ್ಳುತ್ತದೆ ಎನ್ನುವುದಕ್ಕೆ 1971ರಲ್ಲಿ ಸ್ಟ್ಯಾನ್‌ಫರ್ಡ್ ವಿಶ್ವವಿದ್ಯಾಲಯದಲ್ಲಿ ಮನಶ್ಶಾಸ್ತ್ರಜ್ಞ ಫಿಲಿಪ್ ಜಿಂಬಾರ್ಡೊ ನಡೆಸಿದ ಸೆರೆಮನೆಯ ಪ್ರಯೋಗವನ್ನು ಉದಾಹರಿಸುವುದುಂಟು. ಕೆಲವು ಯುವಕರನ್ನು ಕಾವಲುಗಾರರನ್ನಾಗಿ, ಕೆಲವರನ್ನು ಕೈದಿಗಳನ್ನಾಗಿ ಮಾಡಿದ ಆ ಪ್ರಯೋಗ ಎರಡು ವಾರ ನಡೆಯಬೇಕಾಗಿತ್ತು. ಕಾವಲುಗಾರರ ದೌರ್ಜನ್ಯದಿಂದಾಗಿ ಆರು ದಿನಗಳಿಗೆ ನಿಂತಿತು. ಕಾವಲುಗಾರರಿಗೆ ಹೇಗಿರಬೇಕೆಂದು ನಡೆಸುವವರೇ ಸೂಚಿಸಿದ್ದರೆಂಬ ಟೀಕೆ ಅನಂತರ ಬಲವಾಗಿ ಬಂದಿದೆ. ತರಬೇತುದಾರರಿಗೆ ಆ ಟೀಕೆಯೇ ಹೆಚ್ಚಿನ ಪಾಠ: ‘ಇನ್ನೂ ಸ್ವಲ್ಪ ಜೋರು ಮಾಡಿ’ ಎಂದು ಪಕ್ಕದಿಂದ ಹುರಿದುಂಬಿಸುವ ಚಪಲವನ್ನು ಬಿಡಬೇಕು. ಯಾರ ಸ್ವಂತ ಬದುಕಿನ ದುಃಖವನ್ನೂ ಚೀಟಿಗೆ ತರಬೇಡಿ. ಹಳ್ಳಿಯವರೆಂದರೆ ಎಳೆದು ಮಾತಾಡುವುದು, ಒಂದು ಜಾತಿಯವರೆಂದರೆ ಒಂದು ಧಾಟಿ, ಹೆಂಗಸೆಂದರೆ ಸೆರಗು ಜಗ್ಗುವುದು ಎಂಬ ಅಗ್ಗದ ಗುರುತುಗಳು ಕಾಣಿಸಿಕೊಂಡ ಕೂಡಲೇ ಆಟವನ್ನು ನಿಲ್ಲಿಸಿ, ಚೀಟಿಯನ್ನು ಮತ್ತೊಮ್ಮೆ ಗಟ್ಟಿಯಾಗಿ ಓದಿಸಿ. ಅದರಲ್ಲಿ ಧಾಟಿಯ ಸುದ್ದಿಯೇ ಇಲ್ಲ ಎಂಬುದು ಅವರಿಗೇ ಕೇಳಿಸುತ್ತದೆ.

ಮುಗಿದ ಮೇಲೆ ಪಾತ್ರವನ್ನು ಕಳಚಿಸುವುದನ್ನು ಅವಸರದಲ್ಲಿ ಬಿಟ್ಟುಬಿಡುವವರೇ ಹೆಚ್ಚು. ಯಕ್ಷಗಾನದವರು ಬಣ್ಣ ತೆಗೆಯಲು ಚೌಕಿಗೆ, ಅಂದರೆ ವೇಷ ಕಟ್ಟುವ ಮನೆಗೆ, ಹೋಗುತ್ತಾರೆ; ಬಣ್ಣವೇ ಇಲ್ಲದ ಆಟದಲ್ಲಿ ತೆಗೆಯುವುದನ್ನು ಬಾಯಿಂದಲೇ ಮಾಡಬೇಕು. ಇಬ್ಬರೂ ಎದ್ದು ಚೀಟಿಗಳನ್ನು ನಿಮ್ಮ ಕೈಗೆ ಹಿಂದಿರುಗಿಸಲಿ, ತಮ್ಮ ನಿಜವಾದ ಹೆಸರನ್ನು ಗಟ್ಟಿಯಾಗಿ ಹೇಳಲಿ, ಇವತ್ತು ಬೆಳಿಗ್ಗೆ ಏನು ತಿಂಡಿ ತಿಂದೆವು ಎಂಬುದನ್ನೂ ಹೇಳಲಿ. ಆಮೇಲೆ ಆ ಕುರ್ಚಿಗಳಲ್ಲಿ ಮತ್ತೆ ಕೂರಿಸಬೇಡಿ. ಸಭೆಯ ನಡುವೆ ತಮ್ಮ ಮೊದಲಿನ ಜಾಗಕ್ಕೆ ಹೋಗಿ ಕುಳಿತುಕೊಳ್ಳಲಿ.