ಕಲ್ಲುಹೂವಿನ ಮೇಲೆ ಬದುಕುವ ಶಿಲೀಂಧ್ರವನ್ನು ಅಡಿಕೆ ತೋಟದಲ್ಲಿ ಗುರುತಿಸುವ ಕ್ರಮ

ಕಾಸರಗೋಡಿನ ಬದಿಯಡ್ಕ, ಪೆರ್ಲ ಕಡೆಯ ಅಡಿಕೆ ಮರಗಳ ಮೈಮೇಲೆ ಸುಣ್ಣ ಬಳಿದಂತೆ ಹಬ್ಬಿರುವ ಬೂದುಬಿಳುಪಿನ ತೇಪೆಗಳು ಶಿಲೀಂಧ್ರವೂ ಪಾಚಿಯೂ ಕೂಡಿ ಬಾಳುವ ಕಲ್ಲುಹೂಗಳು. ಅವು ಮರದಿಂದ ಆಹಾರವನ್ನು ಹೀರುವುದಿಲ್ಲ. ಆದರೆ ಆ ಕಲ್ಲುಹೂವನ್ನೇ ಆಶ್ರಯಿಸಿ ಬದುಕುವ ಬೇರೆ ಶಿಲೀಂಧ್ರಗಳಿದ್ದು, ಜಗತ್ತಿನಲ್ಲಿ ಈವರೆಗೆ ಅಂಥ 2000ಕ್ಕೂ ಹೆಚ್ಚು ಪ್ರಭೇದಗಳು ಪತ್ತೆಯಾಗಿವೆ.

ಮಳೆಗಾಲದಲ್ಲಿ ಕೊಳೆರೋಗಕ್ಕೆಂದು ಬಿಟ್ಟ ಬೋರ್ಡೋ ಮದ್ದಿನ ನೀಲಿ ಕಲೆಗಳು ಕಣ್ಣನ್ನು ಮೋಸಗೊಳಿಸುವುದರಿಂದ, ಮದ್ದು ತಾಗದ ಮಾವು, ಹಲಸುಗಳಿಂದ ಆರಂಭಿಸುವುದು ಒಳ್ಳೆಯದು. ತೇಪೆಯ ಮೇಲೆ ತುಸು ನೀರು ಚಿಮುಕಿಸಿದರೆ ಜೀವಂತ ಭಾಗ ಹಸಿರೇರುತ್ತದೆ. ಸತ್ತ ಭಾಗ ಹಾಗೆಯೇ ಉಳಿಯುತ್ತದೆ. ಹತ್ತು ಪಟ್ಟು ಹಿಗ್ಗಿಸುವ ಮಸೂರವನ್ನು ಕಣ್ಣಿಗೆ ಒತ್ತಿ ಹಿಡಿದು, ಈ ಎರಡೂ ಸೇರುವ ಅಂಚಿನಲ್ಲಿ ಕರಿಚುಕ್ಕೆಗಳಿವೆಯೇ ಎಂದು ನಿಧಾನವಾಗಿ ನೋಡಬೇಕು.

ಎಡವುವುದು ಇಲ್ಲಿಯೇ. ಕಂಡ ಕರಿಚುಕ್ಕೆಯೆಲ್ಲ ಅತಿಥಿ ಶಿಲೀಂಧ್ರವಲ್ಲ. ಗ್ರಾಫಿಸ್ ಕುಲದ ಕಲ್ಲುಹೂವಿನ ಮೇಲೆ ಅಕ್ಷರ ಗೀಚಿದಂತಿರುವ ಕಪ್ಪು ಗೆರೆಗಳು ಅದರದೇ ಬೀಜಕಕೋಶಗಳು. ಅವನ್ನೇ ಪರಾವಲಂಬಿಯೆಂದು ನಂಬಿ ನಾನು ಒಂದು ಇಡೀ ಮಧ್ಯಾಹ್ನ ಕಳೆದಿದ್ದೇನೆ. ಪಿಕ್ಸಿನೆ ಕೊಕೋಯೆಸ್ ಎಂಬ ಕಲ್ಲುಹೂವಿನ ಕಪ್ಪು ತಟ್ಟೆಗಳೂ ಹಾಗೆಯೇ. ನೋಟು ಪರೀಕ್ಷಿಸುವ ಅತಿನೇರಳೆ ಟಾರ್ಚಿನ ಬೆಳಕಿನಲ್ಲಿ ಅದರ ಮೈ ಹಳದಿಯಾಗಿ ಹೊಳೆಯುವುದರಿಂದ ಅದನ್ನು ಬೇಗ ಬೇರ್ಪಡಿಸಬಹುದು. ಸ್ವಂತ ಅಂಗಗಳು ಆ ಜಾತಿಯ ತೇಪೆಗಳಲ್ಲೆಲ್ಲ ಒಂದೇ ಬಗೆಯಲ್ಲಿ ಮೂಡುತ್ತವೆ. ಅತಿಥಿಯ ಚುಕ್ಕೆಗಳು ಸಾಮಾನ್ಯವಾಗಿ ಒಂದೆರಡು ತೇಪೆಗಳಲ್ಲಷ್ಟೇ ಗುಂಪಾಗಿರುತ್ತವೆ, ಕೆಲವೊಮ್ಮೆ ಸುತ್ತಲಿನ ಮೈ ಬಣ್ಣಗೆಟ್ಟು ಕಂದಿರುತ್ತದೆ. ಆತಿಥೇಯಕ್ಕೆ ಕಾಣುವಂಥ ಹಾನಿಯನ್ನೇ ಮಾಡದ ಸಾಧು ಅತಿಥಿಗಳೂ ಇರುವುದರಿಂದ, ಕಂದಿಲ್ಲವೆಂದು ಕೈಬಿಡಬಾರದು.

ಖಚಿತಪಡಿಸಲು ಸೂಕ್ಷ್ಮದರ್ಶಕ ಬೇಕೇ ಬೇಕು. ಚುಕ್ಕೆಯನ್ನು ಹೊಸ ಬ್ಲೇಡಿನಿಂದ ಆದಷ್ಟು ತೆಳುವಾಗಿ ಸೀಳಿ, ಗಾಜಿನ ಮೇಲೆ ಒಂದು ಹನಿ ನೀರಿನಲ್ಲಿಟ್ಟು ನೋಡಬೇಕು. ಅದು ಲೈಕೆನೋಕೋನಿಯಂ ಎಂಬ ಅತಿಥಿ ಶಿಲೀಂಧ್ರ ಕುಲದ್ದಾದರೆ ಕಪ್ಪು ಗುಳಿಯೊಳಗಿನಿಂದ ಒಂದೇ ಕೋಶದ, ಕಂದುಬಣ್ಣದ ಪುಟ್ಟ ಬೀಜಕಗಳು ಹೊರಬರುತ್ತವೆ.

ಮಾದರಿಗಾಗಿ ಅಡಿಕೆ ಮರವನ್ನು ಎಂದೂ ಕೆತ್ತಬಾರದು. ಮಾವಿನಂತೆ ತೊಗಟೆ ಬೆಳೆದು ಮುಚ್ಚಿಕೊಳ್ಳುವ ಗುಣ ಅದಕ್ಕಿಲ್ಲ, ಆದ ಗಾಯ ಹಾಗೆಯೇ ಉಳಿಯುತ್ತದೆ. ಗಾಳಿಗೆ ಉರುಳಿದ ಮರವೋ ಬಿದ್ದ ಕೊಂಬೆಯೋ ಸಾಕು. ಪ್ಲಾಸ್ಟಿಕ್ ಚೀಲದಲ್ಲಿ ಬೂಸ್ಟು ಹಿಡಿಯುತ್ತದೆಯಾದ್ದರಿಂದ ನೆರಳಿನಲ್ಲಿ ಒಣಗಿಸಿ ಕಾಗದದ ಲಕೋಟೆಯಲ್ಲಿಡಬೇಕು. ಲಕೋಟೆಯ ಮೇಲೆ ಊರು, ದಿನಾಂಕ, ಮರದ ಹೆಸರಿನೊಂದಿಗೆ ಆತಿಥೇಯ ಕಲ್ಲುಹೂವಿನ ಹೆಸರನ್ನೂ ತಪ್ಪದೆ ಬರೆಯಬೇಕು. ಈ ಶಿಲೀಂಧ್ರಗಳಲ್ಲಿ ಬಹುಪಾಲು ಒಂದೇ ಕುಲದ ಕಲ್ಲುಹೂವಿಗೆ ಅಂಟಿಕೊಂಡಿರುವುದರಿಂದ, ಆ ಹೆಸರಿಲ್ಲದ ಮಾದರಿಯನ್ನು ಗುರುತಿಸುವುದು ತಜ್ಞರಿಗೂ ಕಷ್ಟ.