ರೀಕಾಲ್ ತೆರೆಯದಿದ್ದಾಗ: ಝೇಪಿಯನ್ ಲೈಬ್ರರಿ ಸರಿಪಡಿಸಿದ ಬಗೆ

ಲಿನಕ್ಸ್ ಅಪ್‌ಗ್ರೇಡ್ ಆದ ಮೇಲೆ, ಸೋರ್ಸ್‌ನಿಂದ ಕಂಪೈಲ್ ಮಾಡಿದ್ದ ಹಳೆಯ ರೀಕಾಲ್ (ಕಡತಗಳ ಒಳಗಿನ ಪದಗಳನ್ನು ಹುಡುಕಿಕೊಡುವ ಪ್ರೋಗ್ರಾಂ) ತೆರೆಯಲೇ ಇಲ್ಲ. ಟರ್ಮಿನಲ್‌ನಿಂದ ಓಡಿಸಿದರೆ ಝೇಪಿಯನ್ ಶೇರ್ಡ್ ಲೈಬ್ರರಿ (ಪ್ರೋಗ್ರಾಂಗಳು ಓಡುವಾಗ ಬಳಸಿಕೊಳ್ಳುವ ಕೋಡ್ ಫೈಲ್) ಸಿಗುತ್ತಿಲ್ಲ ಎಂಬ ಎರರ್. ಪದಗಳನ್ನು ಇಂಡೆಕ್ಸ್ ಮಾಡುವುದು, ಹುಡುಕುವುದು ಎರಡೂ ಈ ಲೈಬ್ರರಿಯದೇ ಕೆಲಸ, ಅದಿಲ್ಲದೆ ರೀಕಾಲ್ ಏಳುವುದಿಲ್ಲ.

ಮೊದಲು ರೀಕಾಲ್ ಬೈನರಿಯ, ಅಂದರೆ ಕಂಪೈಲ್ ಆದ ಪ್ರೋಗ್ರಾಂ ಫೈಲ್‌ನ, ಮೇಲೆ ಎಲ್‌ಡಿಡಿ ಓಡಿಸಿ; ಅದಕ್ಕೆ ಬೇಕಾದ ಲೈಬ್ರರಿಗಳನ್ನು ಪಟ್ಟಿ ಮಾಡುವ ಆಜ್ಞೆ ಇದು. ‘ನಾಟ್ ಫೌಂಡ್’ ಎಂದಿರುವ ಸಾಲೇ ಉತ್ತರ. ಝೇಪಿಯನ್ 1.2ರ ಫೈಲ್ ಹೆಸರು 22ರಲ್ಲಿ ಮುಗಿಯುತ್ತದೆ, 1.4ರದ್ದು 30ರಲ್ಲಿ. ಹಳೆ ಬೈನರಿ 22ನ್ನೇ ಕೇಳುತ್ತದೆ, ಹೊಸ ಸಿಸ್ಟಮ್‌ನಲ್ಲಿರುವುದು 30.

30ರ ಫೈಲ್‌ಗೆ 22ರ ಹೆಸರಿನಲ್ಲಿ ಸಿಮ್‌ಲಿಂಕ್ (ಬೇರೆ ಫೈಲ್‌ನತ್ತ ತೋರಿಸುವ ಹೆಸರು) ಕೊಡುವ ಸಲಹೆ ಅನೇಕರು ಕೊಡುತ್ತಾರೆ. ದಯವಿಟ್ಟು ಬೇಡ! ಆ ಸಂಖ್ಯೆ ಬದಲಾಗುವುದೇ ಒಳಗಿನ ಬೈನರಿ ಹೊಂದಾಣಿಕೆ ಮುರಿದಾಗ. ಪ್ರೋಗ್ರಾಂ ತೆರೆದುಕೊಂಡರೂ ನಡುವೆ ಕುಸಿಯಬಹುದು.

ಸರಿಯಾದ ದಾರಿ: ಕಂಪೈಲ್ ಮಾಡಲು ಬೇಕಾದ ಝೇಪಿಯನ್‌ನ ಡೆವಲಪ್‌ಮೆಂಟ್ ಪ್ಯಾಕೇಜ್ ಹಾಕಿ, ಹಿಂದಿನ ಕಂಪೈಲ್‌ನಿಂದ ಉಳಿದ ಹಳೆ ಆಬ್ಜೆಕ್ಟ್ ಫೈಲ್‌ಗಳನ್ನು ಅಳಿಸಿ, ರೀಕಾಲನ್ನು ಮೊದಲಿಂದ ಕಂಪೈಲ್ ಮಾಡಿ ಇನ್‌ಸ್ಟಾಲ್ ಮಾಡುವುದು. ಝೇಪಿಯನ್ನನ್ನೂ ಸೋರ್ಸ್‌ನಿಂದಲೇ ಕಟ್ಟಿದ್ದರೆ ಅದು ಯುಎಸ್‌ಆರ್ ಲೋಕಲ್‌ನ ಲಿಬ್ ಫೋಲ್ಡರ್‌ನಲ್ಲಿ ಕೂರುತ್ತದೆ. ಆಗ ರೂಟ್ ಆಗಿ ಎಲ್‌ಡಿಕಾನ್ಫಿಗ್ ಓಡಿಸಲೇಬೇಕು, ಇಲ್ಲವಾದರೆ ಪ್ರೋಗ್ರಾಂ ತೆರೆಯುವಾಗ ಲೈಬ್ರರಿಗಳನ್ನು ಹುಡುಕಿ ಜೋಡಿಸುವ ಲೋಡರ್‌ನ ಕ್ಯಾಶ್‌ಗೆ ಅದರ ಸುಳಿವೇ ಇರದು. ಫೆಡೋರಾದಂಥ ಕಡೆ ಆ ಫೋಲ್ಡರ್ ಹುಡುಕುವ ಪಟ್ಟಿಯಲ್ಲಿಲ್ಲದಿದ್ದರೆ ಮೊದಲು ಸೇರಿಸಿ.

ಇಂಡೆಕ್ಸ್ ಅನ್ನು ಹೊಸ ರೂಪದಲ್ಲಿ ಕಟ್ಟಲು ರೀಕಾಲ್‌ಇಂಡೆಕ್ಸ್ ಆಜ್ಞೆಗೆ ಮೈನಸ್ ಝಡ್ ಸೇರಿಸಿ. ಹಳೆ ಇಂಡೆಕ್ಸ್ ಮಾತ್ರ ಅಳಿಯುತ್ತದೆ, ನಿಮ್ಮ ಕಡತಗಳಿಗೆ ಏನೂ ಆಗದು.